ಆವಕ ಸಂಖ್ಯೆ ೪೧೭

ಧಾರವಾಡ ಪೀಠದಿಂದ ಬಂದ ಲಕೋಟೆ ಒಡೆದವಳು ನಾನೇ.
ಹನ್ನೊಂದು ಪುಟ. ಕೊನೆಯದರಲ್ಲಿ
ಹುಚ್ಚೇಶಪ್ಪ ಕೆಲವಡಿಯ ವಜಾ ಆದೇಶ
ರದ್ದಾಗಿದೆ ಎಂದಿತ್ತು.
ಆ ಆದೇಶ ಟೈಪು ಮಾಡಿದವಳೂ ನಾನೇ,
ಒಂಬತ್ತು ವರ್ಷದ ಹಿಂದೆ,
ಇದೇ ಗುಳೇದಗುಡ್ಡ ಪುರಸಭೆಯ
ಕಾಲು ಕುಂಟುವ ಇದೇ ಮೇಜಿನ ಮೇಲೆ.

ಆರೋಪ ಇಷ್ಟು:
ವಾಲ್ವ್‌ಮನ್ ರಾತ್ರಿ ಹೊತ್ತು ಚಾವಿ ತಿರುವಿ
ಬಣ್ಣದ ಮನೆಗಳಿಗೆ ನೀರು ಬಿಟ್ಟ, ರೊಕ್ಕ ತಿಂದ.
ಸಾಕ್ಷಿ: ನಸುಕಿನಲ್ಲಿ ಗಟಾರದಲ್ಲಿ ಹರಿದ
ಕುಂಕುಮದಂಥ ನೀರು.
ಮತ್ತೆ ಒಂದು ಖಣ,
ಅವನ ಮಗಳ ಮದುವೆಯಲ್ಲಿ
ಬಣ್ಣದ ಮನೆಯ ಮಾಗುಂಡಪ್ಪ ಆಯೇರಿ ಮಾಡಿದ್ದು.
ದೀಪಾವಳಿಗೆ ನಮ್ಮೆಲ್ಲರ ಮನೆಗೂ
ಖಣ ಬರುತ್ತಿತ್ತು. ನನ್ನದು ನವಿಲಿನ ಬಣ್ಣ,
ತೋಳು ಬಿಗಿಯಾಗುವವರೆಗೂ ತೊಟ್ಟೆ.

ಏಳು ದಿನದೊಳಗೆ ಸಮಜಾಯಿಷಿ ಕೊಡು, ಅಂತ ನೋಟೀಸು.
ಏಳನೆಯ ದಿನ ಹದಿನಾಲ್ಕನೇ ತಾರೀಖು.
ಹನ್ನೆರಡಕ್ಕೇ ಸಾಹೇಬರು ಕರೆದು ಹೇಳಿ ಬರೆಸಿದರು:
"ಸದರಿ ನೌಕರನ ಸಮಜಾಯಿಷಿಯನ್ನು
ಕೂಲಂಕಷವಾಗಿ ಪರಿಶೀಲಿಸಲಾಗಿ
ಅದು ತೃಪ್ತಿಕರವಾಗಿರುವುದಿಲ್ಲ."
ಯಾವ ಸಮಜಾಯಿಷಿ ಅಂತ
ಬೆರಳು ಕೇಳಿತು. ಬಾಯಿ ಕೇಳಲಿಲ್ಲ.

ಹದಿನಾಲ್ಕಕ್ಕೆ ಬಂದ ಹುಚ್ಚೇಶಪ್ಪ.
ಗೆರೆ ಹಾಳೆ ನಾಲ್ಕು, ಯಾವುದೋ ಸಾಲಿ ಹುಡುಗನ ಅಕ್ಷರ,
ಕೆಳಗೆ ಹೆಬ್ಬೆಟ್ಟು.
"ಅಕ್ಕಾರ, ನಕಲಿಗೆ ಒಂದ್ ಸಿಕ್ಕಾ ಹೊಡದ ಕೊಡ್ರಿ."
ಒಳಗಿಂದ ಧ್ವನಿ: "ತಾರೀಖು ಹನ್ನೊಂದು ಇರ್ಲಿ."
ಮುದ್ರೆಯ ಹಲ್ಲಿನ ಗಾಲಿಗೆ ಉಗುರು ಹಚ್ಚಿದೆ.
"ತಿರಗವಲ್ದರಿ ಸರ, ಜಂಗ್ ಹಿಡದೈತಿ."
ಹೊಡೆದೆ. ಹದಿನಾಲ್ಕು.
ಆವಕ ಸಂಖ್ಯೆ ನಾನೂರ ಹದಿನೇಳು.
ಶಾಯಿ ತುಸು ಹರಡಿ
ನಾಲ್ಕರ ಹೊಟ್ಟೆ ತುಂಬಿತು.

ನ್ಯಾಯಮೂರ್ತಿಗಳು ನೀರಿನ ಮಾತೇ ಎತ್ತಿಲ್ಲ.
ಗಟಾರದ ಬಣ್ಣ ಅವರಿಗೆ ಬೇಡ, ಖಣದ ಅಂಚೂ ಬೇಡ.
ತಿಂದನೋ ಇಲ್ಲವೋ ಎಂದು ತೂಗುವ ತಕ್ಕಡಿ ತಮ್ಮದಲ್ಲ
ಎಂದು ಆರನೆಯ ಪುಟದಲ್ಲೇ ಕೆಳಗಿಟ್ಟಿದ್ದಾರೆ.
ಅವರು ಕೇಳಿದ್ದು ಒಂದೇ:
ತಿಂದೆಯಾ ಎಂದು ಅವನನ್ನು
ಯಾರಾದರೂ ಕೇಳಿದರಾ?
ಹದಿನಾಲ್ಕಕ್ಕೆ ಬಂದ ಉತ್ತರವನ್ನು
ಹನ್ನೆರಡಕ್ಕೆ ಓದಿದ ಕಣ್ಣು ಯಾವುದು?

ಆ ಕಣ್ಣು ನಿವೃತ್ತಿಯಾಗಿ
ಬಾದಾಮಿಯಲ್ಲಿ ಲಾಡ್ಜು ಕಟ್ಟಿಸಿದೆ.
ಹೊಸ ಸಾಹೇಬರು ಹಾಳೆ ಮಡಚಿ
"ಗೆದ್ದನಲ್ಲ, ಬಿಡ್ರಿ" ಅಂದರು.
ಕೊನೆಯ ಸಾಲಿಗೆ ಬೆರಳಿಟ್ಟು ತೋರಿಸಿದೆ:
ಕಾನೂನಿನಂತೆ ಹೊಸದಾಗಿ ವಿಚಾರಣೆ ನಡೆಸಲು
ಪುರಸಭೆ ಸ್ವತಂತ್ರವಿದೆ.
ಹಂಗಾರ ನೋಟೀಸ್ ಟೈಪ್ ಮಾಡ್ರಿ, ಅಂದರು.
ಮಾಡಿದೆ.

ಅದನ್ನು ಇಸಿದುಕೊಳ್ಳಲು ನಿನ್ನೆ ಬಂದಿದ್ದ.
ಅರವತ್ತಕ್ಕೆ ಎರಡೇ ತಿಂಗಳು ಕಡಿಮೆ.
ವಜಾ ಆದಂದಿನಿಂದ ಮಾಗುಂಡಪ್ಪನ ಬಣ್ಣದ ಮನೆಯಲ್ಲೇ
ನೂಲು ಹಿಂಡಿ ಹಿಂಡಿ
ಮೊಣಕೈವರೆಗೂ ಕೆಂಪು.
ಶಾಯಿ ಪ್ಯಾಡು ಚಾಚಿದರೆ ನಕ್ಕ:
"ಸಹಿ ಕಲ್ತೀನ್ರೀ, ವಕಾಲತ್ತಿಗಿ ಹಾಕಿ ಹಾಕಿ."
ಹೆಗಲಿಂದ ಇಳಿಸಿ ಗೋಡೆಗೆ ಆನಿಸಿದ
ಮೂರು ಮೊಳದ ವಾಲ್ವಿನ ಚಾವಿ.
"ಇದರ ಚಾರ್ಜ್ ಇನ್ನೂ ಯಾರೂ ತಗೊಂಡಿಲ್ಲ.
ತಗೊಂಡು ಪಾವತಿ ಕೊಡ್ರಿ."

ಖರೇ ಹೇಳು, ಆ ರಾತ್ರಿ—
ಎಂದು ಕೇಳಬೇಕೆಂದಿದ್ದೆ.
ಸಾಹೇಬರು ಕೇಳದ್ದು,
ಹನ್ನೊಂದು ಪುಟವೂ ಕೇಳದೆ ಬಿಟ್ಟದ್ದು.
ಅವನೇ ಕೇಳಿದ:
"ಗಾಲಿ ಈಗರೆ ತಿರಗತೈತೇನ್ರಿ, ಅಕ್ಕಾರ?"

ಪ್ರತಿ ಶನಿವಾರ ಅದಕ್ಕೆ
ಹೊಲಿಗೆ ಯಂತ್ರದ ಎಣ್ಣೆ ಬಿಡುತ್ತೇನೆ,
ನೌಕರಿಗೆ ಸೇರಿದಂದಿನಿಂದ.
ತಿರುವಿದೆ.
ಆ ದಿನದ ತಾರೀಖು ಹಾಕಿ ಕೊಟ್ಟೆ.